ಮಸಾಲೆ ಹಾಕಿದ ಆಪಲ್ ಬಟರ್: ಬಾಟಲಿಯಲ್ಲಿ ವರ್ಷಗಟ್ಟಲೆ ಇಡುವುದು ಹೇಗೆ?

ಬದಿಯಡ್ಕ ಸೊಸೆ

ಎಲ್ಲರಿಗೂ ನಮಸ್ಕಾರ. ಭಾವನ ಹಣ್ಣಿನ ಅಂಗಡಿಯಿಂದ ಒಂದು ಪೆಟ್ಟಿಗೆ ಆಪಲ್ ಮನೆಗೆ ಬಂದಿದೆ. ಕೊಳೆತದ್ದಲ್ಲ. ಮೆತ್ತಗಾಗಲು ಶುರುವಾಗಿದೆ, ಅಂಗಡಿಯಲ್ಲಿಟ್ಟರೆ ಯಾರೂ ತೆಗೆದುಕೊಳ್ಳುವುದಿಲ್ಲ. ಹೆಚ್ಚಿನದು ಕೆಂಪು ಡಿಲೀಶಿಯಸ್, ಅಡಿಯಲ್ಲಿ ಸ್ವಲ್ಪ ಹಸಿರು ಹುಳಿ ಜಾತಿಯದ್ದೂ ಉಂಟು. ಜ್ಯೂಸ್ ಕುಡಿದು ಕುಡಿದು ಮಕ್ಕಳಿಗೆ ಬೇಜಾರು ಬಂತು. ಹಾಗಾಗಿ ಆಪಲ್ ಬಟರ್ ಮಾಡುವ ಅಂತ ಹೊರಟಿದ್ದೇನೆ. ಬೆಣ್ಣೆ ಏನೂ ಹಾಕಲಿಕ್ಕಿಲ್ಲ. ಸೇಬಿನ ತಿರುಳಿಗೆ ಚೆಕ್ಕೆ, ಲವಂಗ ಹಾಕಿ ಕಂದು ಬಣ್ಣ ಬರುವವರೆಗೆ ಮಗುಚುವುದು. ಅಷ್ಟು ಗೊತ್ತುಂಟು.

ಗೊತ್ತಿಲ್ಲದ್ದು ಬಾಟಲಿ ವಿಷಯ. ಫ್ರಿಜ್‌ನಲ್ಲಿ ಜಾಗ ಇಲ್ಲ, ಗಾಳಿಮಳೆ ಬಂದರೆ ಕರೆಂಟೂ ಇಲ್ಲ. ಹೊರಗೆ ಕಪಾಟಿನಲ್ಲಿ ಇಟ್ಟರೆ ಬೂಷ್ಟು ಬರಬಾರದು. ನಮ್ಮ ಹಲಸಿನ ಬೆರಟಿಯ (ಹಣ್ಣಿಗೆ ಬೆಲ್ಲ ಹಾಕಿ ಮುದ್ದೆಯಾಗುವವರೆಗೆ ಕಾಯಿಸಿದ್ದು) ಹಾಗೆ ಭರಣಿಗೆ ತುಂಬಿಸಿ ಬಾಯಿಗೆ ಬಟ್ಟೆ ಕಟ್ಟಿದರೆ ಸಾಕಾ? ಅತ್ತೆ ಧಾರಾಳ ಸಾಕು ಅಂತಾರೆ. ನನಗೇ ಧೈರ್ಯ ಇಲ್ಲ.

ನೀರ್ಚಾಲು ಅಟ್ಟ

ಅತ್ತೆ ಹೇಳಿದ್ದೇ ಸರಿ ಅಕ್ಕ. ನಮ್ಮಲ್ಲಿ ಬೆರಟಿ ಅಟ್ಟದ ಮೇಲೆ ಮುಂದಿನ ಹಲಸಿನ ಕಾಲದವರೆಗೂ ಇರುತ್ತದೆ. ಹಲಸಾದರೇನು, ಆಪಲ್ ಆದರೇನು? ಚೆನ್ನಾಗಿ ಕಾಯಿಸಿದರೆ ಆಯಿತು.

ಪೆರ್ಲ ಪಾಕ

ಆಗುವುದಿಲ್ಲ ಮಾರಾಯ್ರೆ. ಎರಡೂ ಉಳಿಯುವ ಕಾರಣವೇ ಬೇರೆ.

ಬೆರಟಿ ಉಳಿಯುವುದು ಒಣಗಿದ್ದರಿಂದ. ತಿರುಳು, ಬೆಲ್ಲ ಸೇರಿ ಕಂಚಿನ ಉರುಳಿಯ ತಳ ಬಿಟ್ಟು ಮುದ್ದೆಯಾಗುವವರೆಗೆ ನಾವು ಮಗುಚುತ್ತೇವೆ. ಉಳಿದ ಚೂರುಪಾರು ನೀರನ್ನೂ ಬೆಲ್ಲ ಹಿಡಿದಿಟ್ಟುಕೊಳ್ಳುತ್ತದೆ. ಬೂಷ್ಟು ಬೆಳೆಯಲಿಕ್ಕೆ ಬೇಕಾದ ನೀರೇ ಅದರಲ್ಲಿ ಸಿಗುವುದಿಲ್ಲ. ಆಪಲ್ ಬಟರ್ ಅಷ್ಟು ಗಟ್ಟಿ ಮಾಡಿದರೆ ಅದು ಹಲ್ವ ಆಗುತ್ತದೆ. ದೋಸೆಗೆ ಸವರುವ ಹಾಗೆ ಇರಬೇಕಲ್ವಾ? ಸಕ್ಕರೆಯೂ ಕಮ್ಮಿ. ಜಾಮಿಗೆ ಹಣ್ಣು, ಸಕ್ಕರೆ ಹೆಚ್ಚುಕಮ್ಮಿ ಸಮಸಮ ಬೀಳುತ್ತದೆ. ಇದಕ್ಕೆ ಹಣ್ಣಿನ ತೂಕದ ಕಾಲು ಭಾಗ ಸಾಕು. ಅಂದರೆ ನೀರೂ ಉಂಟು, ಸಿಹಿಯೂ ಉಂಟು. ಬಟ್ಟೆ ಕಟ್ಟಿದ ಭರಣಿಯಲ್ಲಿ ನಮ್ಮ ಹವೆಗೆ ಅದು ಎಷ್ಟು ದಿನ ನಿಂತೀತು?

ಇದನ್ನು ಉಳಿಸುವುದು ಮೂರು ಸೇರಿ: ಹುಳಿ, ಬಿಸಿ, ಗಾಳಿ ಹೋಗದ ಮುಚ್ಚಳ. ಬೂಷ್ಟು, ಯೀಸ್ಟ್ ಎಲ್ಲ ಕುದಿಯುವ ನೀರಿನ ಬಿಸಿಗೆ ಸಾಯುತ್ತವೆ. ಆದರೆ ಬೊಟುಲಿನಮ್ ಅಂತ ಒಂದು ಬ್ಯಾಕ್ಟೀರಿಯಾ ಉಂಟು. ಅದರ ಬೀಜಕಣ 100 ಡಿಗ್ರಿಯಲ್ಲಿ ಕುದಿಸಿದರೂ ಸಾಯುವುದಿಲ್ಲ. ಗಾಳಿ ಇಲ್ಲದ ಬಾಟಲಿ ಅಂದರೆ ಅದಕ್ಕೆ ಒಳ್ಳೆಯ ಜಾಗ. ಅಲ್ಲಿ ಕುಳಿತು ವಿಷ ಮಾಡುತ್ತದೆ, ವಾಸನೆಯಲ್ಲಿ ಗೊತ್ತಾಗಬೇಕೆಂದೇನೂ ಇಲ್ಲ. ಅದು ಸೋಲುವುದು ಹುಳಿಗೆ. ಪಿಎಚ್ (ಹುಳಿಯ ಅಳತೆ, ಅಂಕಿ ಇಳಿದಷ್ಟು ಹುಳಿ ಜಾಸ್ತಿ) 4.6ಕ್ಕಿಂತ ಕೆಳಗಿದ್ದರೆ ಮೊಳೆಯುವುದಿಲ್ಲ. ಸೇಬಿನದ್ದು ಸಾಮಾನ್ಯವಾಗಿ 3.3ರಿಂದ 4ರ ಒಳಗೆ. ಅದರ ಮೇಲೆ ವಿನೆಗರೂ ಬೀಳುತ್ತದೆ. ಹಾಗಾಗಿ ಆಪಲ್ ಬಟರನ್ನು ಮನೆಯಲ್ಲಿ ಬರೀ ಕುದಿಯುವ ನೀರಲ್ಲಿ ಮುಳುಗಿಸಿ ಬಾಟಲಿ ಮಾಡಬಹುದು. ಎಲ್ಲ ಹಣ್ಣಿಗೂ ಹೀಗೆ ಹೇಳಲಿಕ್ಕಾಗುವುದಿಲ್ಲ.

ಕುಂಬಳೆ ಕಡಲು

ಹಲಸು ನಮ್ಮ ತೋಟದಲ್ಲಿ ಬಿದ್ದು ಕೊಳೆಯುತ್ತದೆ. ಕೇಳುವವರಿಲ್ಲ. ಹಿಮಾಚಲದ ಆಪಲಿಗೆ ಇಷ್ಟು ಉಪಚಾರ!

ಬದಿಯಡ್ಕ ಸೊಸೆ

ಅಣ್ಣ, ಹಲಸಿನ ಕಾಲದಲ್ಲಿ ನಮ್ಮ ಮನೆಯ ಒಲೆ ಆರುವುದೇ ಇಲ್ಲ. ನೀವೊಂದು ಬಂದು ಸೊಳೆ ಬಿಡಿಸಿ ಕೊಡಿ, ಆಮೇಲೆ ಮಾತಾಡುವ. ಈಗ ಮನೆಯಲ್ಲಿರುವುದು ಆಪಲ್.

ಪೆರ್ಲದ ಅಕ್ಕ, ಅಳತೆ ಹೇಳಿ. ಗ್ರಾಂ ಲೆಕ್ಕದಲ್ಲಿ ಬೇಕು. ಕಪ್ ಲೆಕ್ಕ ನನಗೆ ಹಿಡಿಸುವುದಿಲ್ಲ.

ಹೊಸೂರು ಒಲೆ

ಅಳತೆ ನಾನು ಕೊಡುತ್ತೇನೆ. ಅಮೆರಿಕದ ಸರಕಾರಿ ಕೈಪಿಡಿಯ ಪ್ರಮಾಣವನ್ನೇ ನಮ್ಮ ಲೆಕ್ಕಕ್ಕೆ ಇಳಿಸಿಕೊಂಡದ್ದು. ಅಲ್ಲಿ ಇದು ಹಳೆಯ ಅಡುಗೆ. ಪೆನ್ಸಿಲ್ವೇನಿಯಾದಲ್ಲಿ ನೆಲೆಸಿದ ಜರ್ಮನ್ ಮೂಲದವರು ಅಂಗಳದಲ್ಲಿ ದೊಡ್ಡ ತಾಮ್ರದ ಕಡಾಯಿ ಇಟ್ಟು, ಉದ್ದ ಹಿಡಿಯ ಮರದ ಸೌಟಿನಲ್ಲಿ ಸರದಿ ಮೇಲೆ ತಿರುವುತ್ತಿದ್ದರು. ನಿಮ್ಮ ಬೆರಟಿ ಕೆಲಸದ ಹಾಗೇ ಅನ್ನಿ.

2 ಕೆಜಿ ಸೇಬಿಗೆ 250 ಮಿಲಿ ವಿನೆಗರ್, 250 ಮಿಲಿ ಸೇಬಿನ ರಸ. ರಸ ಇಲ್ಲದಿದ್ದರೆ ನೀರು. 250 ಗ್ರಾಂ ಸಕ್ಕರೆ, 250 ಗ್ರಾಂ ಕಂದು ಸಕ್ಕರೆ ಅಥವಾ ಬೆಲ್ಲ. ಒಂದು ದೊಡ್ಡ ಚಮಚ ಚೆಕ್ಕೆ ಪುಡಿ. ಲವಂಗದ ಪುಡಿ ಅವರ ಲೆಕ್ಕದಲ್ಲಿ ಅರ್ಧ ದೊಡ್ಡ ಚಮಚ. ನಮ್ಮ ಲವಂಗ ಖಾರ, ನಾನು ಅದರ ಅರ್ಧವೇ ಹಾಕುತ್ತೇನೆ. ಮಸಾಲೆ ಕಮ್ಮಿ ಮಾಡಿದರೆ ಏನೂ ಆಗುವುದಿಲ್ಲ. ಸಕ್ಕರೆ ಸ್ವಲ್ಪ ಇಳಿಸಿದರೂ ನಡೆಯುತ್ತದೆ. ವಿನೆಗರಿಗೆ ಮಾತ್ರ ಕೈ ಹಾಕಬೇಡಿ.

ವಿನೆಗರ್ ಬಾಟಲಿಯ ಲೇಬಲ್ ಒಮ್ಮೆ ಓದಿ. ಆ ಅಳತೆ ಬರೆದಿರುವುದು ಶೇ 5ರಷ್ಟು ಆಮ್ಲ ಇರುವ ವಿನೆಗರಿಗೆ. ನಮ್ಮ ಅಂಗಡಿಗಳಲ್ಲಿ ಜಾಸ್ತಿ ಸಿಗುವುದು ಶೇ 4ರದ್ದು. ಅದಾದರೆ 250ರ ಬದಲು 310 ಮಿಲಿ ಹಾಕಿ. ಹೆಚ್ಚಿಗೆ ಬಿದ್ದ ನೀರು ಕುದಿಯುವಾಗ ಹೋಗುತ್ತದೆ.

ಸೇಬು ತೊಳೆದು, ಕೊಳೆತ ಭಾಗ, ತೊಟ್ಟು, ಬೀಜದ ಗೂಡು ತೆಗೆದು ನಾಲ್ಕು ಹೋಳು ಮಾಡಿ. ಸಿಪ್ಪೆ ಇರಲಿ. ಗಟ್ಟಿಯಾಗಿಸುವ ಪೆಕ್ಟಿನ್ ಸಿಪ್ಪೆಯಲ್ಲೇ ಜಾಸ್ತಿ. ಅಂಗಡಿ ಸೇಬಿಗೆ ಮೇಣ ಬಳಿದಿರುತ್ತಾರೆ ಅನ್ನುವ ಅನುಮಾನ ಇದ್ದರೆ ಬಿಸಿ ನೀರಲ್ಲಿ ಚೆನ್ನಾಗಿ ಉಜ್ಜಿ, ಇಲ್ಲ ಸಿಪ್ಪೆ ತೆಗೆದುಬಿಡಿ. ವಿನೆಗರ್, ರಸದಲ್ಲಿ ಮೆತ್ತಗೆ ಬೇಯಿಸಿ, ಜರಡಿಯಲ್ಲಿ ಒತ್ತಿ ಸೋಸಿ. ಆಮೇಲೆ ಸಕ್ಕರೆ, ಮಸಾಲೆ ಹಾಕಿ ಸಣ್ಣ ಉರಿ. ಬೀಜ ಇದ್ದರೆ ಮಿಕ್ಸಿಗೆ ಮಾತ್ರ ಹಾಕಬೇಡಿ. ಸೇಬಿನ ಬೀಜ ನುರಿದರೆ ಕಹಿ, ಒಳ್ಳೆಯದೂ ಅಲ್ಲ.

ಮುಳ್ಳೇರಿಯ ತೋಟ

ಅವರು ತಾಮ್ರದ ಕಡಾಯಿ ಇಟ್ಟರು ಅಂದಮೇಲೆ ನಾವು ಕಂಚಿನ ಉರುಳಿ ಇಡಬಹುದಲ್ವಾ? ಸೌದೆ ಒಲೆ, ಉರುಳಿ, ಚಿಪ್ಪಿನ ಸೌಟು. ಗ್ಯಾಸಿನಲ್ಲಿ ಮಾಡಿದ್ದಕ್ಕೆ ಆ ಪರಿಮಳ ಬರುವುದೇ ಇಲ್ಲ.

ಪೆರ್ಲ ಪಾಕ

ಒಲೆ ಸೌದೆಯದ್ದೇ ಇರಲಿ ಅಣ್ಣ, ಉರುಳಿ ಬೇಡ. ಹಲಸಿನಲ್ಲಿ ಹುಳಿ ಇಲ್ಲ, ಅದಕ್ಕೆ ನಡೆಯಿತು. ಇಲ್ಲಿ ವಿನೆಗರ್ ಉಂಟು. ಗಂಟೆಗಟ್ಟಲೆ ಹುಳಿಯಲ್ಲಿ ಕುದಿದರೆ ಕಂಚಿನ ತಾಮ್ರ ಬಿಡುತ್ತದೆ. ಹಿತ್ತಾಳೆಗೂ ಅದೇ ಮಾತು. ಕಲಾಯಿ ಸರಿ ಇಲ್ಲದಿದ್ದರೆ ಹುಳಿ ಹಾಕುವುದಿಲ್ಲ ಅಂತ ಅಜ್ಜಿಯಂದಿರಿಗೇ ಗೊತ್ತಿತ್ತಲ್ಲ. ಅಲ್ಯುಮಿನಿಯಂ ಸಹ ಬೇಡ. ದಪ್ಪ ತಳದ ಸ್ಟೀಲ್ ಪಾತ್ರೆ, ಬಾಯಿ ಅಗಲ ಇರಲಿ. ಅಗಲ ಇದ್ದಷ್ಟು ನೀರು ಬೇಗ ಆರುತ್ತದೆ.

ಮತ್ತೊಂದು: ಬೆಲ್ಲ ಹಾಕುವುದಾದರೆ ಮೊದಲೇ ಹಾಕಬೇಡಿ. ಸ್ವಲ್ಪ ನೀರಲ್ಲಿ ಕರಗಿಸಿ, ಮರಳು ಸೋಸಿ, ತಿರುಳು ಅರ್ಧ ಗಟ್ಟಿಯಾದ ಮೇಲೆ ಸೇರಿಸಿ. ಸಿಹಿ ಬಿದ್ದ ಮೇಲೆ ತಳ ಹಿಡಿಯುವುದು ಬಹಳ ಬೇಗ.

ಕೂಡ್ಲು ಕಲ್ಪ

ಬೆಲ್ಲದ ಬದಲು ತೆಂಗಿನ ಸಕ್ಕರೆ ಹಾಕಿ ನೋಡಿ. ಕಾಸರಗೋಡಿನ ತೋಟಬೆಳೆ ಸಂಶೋಧನಾ ಸಂಸ್ಥೆ ಸಿಪಿಸಿಆರ್‌ಐಯವರು ಕಲ್ಪರಸ (ಈ ಸಕ್ಕರೆ ಮಾಡುವ ತೆಂಗಿನ ಹೊಂಬಾಳೆಯ ಸಿಹಿ ರಸ) ಇಳಿಸುವ ಕ್ರಮ ರೂಪಿಸಿದ ಮೇಲೆ ನಮ್ಮ ಕಡೆ ಇದರ ಹೆಸರು ಕೇಳದವರಿಲ್ಲ. ಕಂದು ಸಕ್ಕರೆಯ ಜಾಗಕ್ಕೆ ಸರಿಯಾಗಿ ಕೂರುತ್ತದೆ, ಬಣ್ಣವೂ ಬರುತ್ತದೆ. ರೇಟು ಕೇಳಿದರೆ ಮಾತ್ರ ಆಪಲೇ ಅಗ್ಗ ಅನ್ನಿಸಬಹುದು.

ಬದಿಯಡ್ಕ ಸೊಸೆ

ಮಸಾಲೆ ಬಗ್ಗೆ ಒಂದು. ಮನೆಯಲ್ಲಿ ಜಾಯಿಕಾಯಿ ಮರ ಉಂಟು, ಜಾಪತ್ರೆಯೂ ಒಣಗಿಸಿ ಇಟ್ಟದ್ದಿದೆ. ಹಾಕಬಹುದಾ? ಪುಡಿ ಮಾಡಿ ಹಾಕುವುದಾ, ಇಡಿಯಾಗಿ ಹಾಕುವುದಾ?

ಪೆರ್ಲ ಪಾಕ

ಧಾರಾಳ ಹಾಕಿ. ಸೇಬಿಗೂ ಜಾಯಿಕಾಯಿಗೂ ಒಳ್ಳೆ ಹೊಂದಿಕೆ. ಆದರೆ ತುರಿದು ಕೊನೆಗೆ ಹಾಕಬೇಕು. ಮೊದಲೇ ಹಾಕಿದರೆ ಪರಿಮಳ ಎಲ್ಲ ಆವಿಯ ಜೊತೆ ಅಂಗಳಕ್ಕೆ ಹೋಗುತ್ತದೆ. 2 ಕೆಜಿಗೆ ಕಾಲು ಚಿಕ್ಕ ಚಮಚ ಸಾಕು. ಜಾಪತ್ರೆ ಆದರೆ ಒಂದು ಎಸಳು.

ಚೆಕ್ಕೆಯಲ್ಲಿ ಎರಡು ನಮೂನೆ ಉಂಟು. ಪೇಟೆಯಲ್ಲಿ ಸಿಗುವ ದಪ್ಪ, ಗಟ್ಟಿ ತೊಗಟೆ ಕ್ಯಾಸಿಯಾ. ಅದರದ್ದು ಖಾರ ಜಾಸ್ತಿ. ಕಾಗದದ ಹಾಗೆ ತೆಳು ಪದರ ಸುತ್ತಿಕೊಂಡಿರುವುದು ನಿಜವಾದ ದಾಲ್ಚಿನ್ನಿ. ಕೈಯಲ್ಲೇ ಪುಡಿಯಾಗುತ್ತದೆ, ಸಿಹಿ ಪರಿಮಳ. ಇದಕ್ಕೆ ಎರಡನೆಯದೇ ಚಂದ. ಪುಡಿ ಹಾಕಿದರೆ ಬಣ್ಣ ಕಪ್ಪಾಗುತ್ತದೆ. ಅದು ಬೇಡ ಅನ್ನುವವರು ಚೆಕ್ಕೆ, ಲವಂಗ ಇಡಿಯಾಗಿ ಮಲ್ ಬಟ್ಟೆಯಲ್ಲಿ ಗಂಟು ಕಟ್ಟಿ ಇಳಿಬಿಟ್ಟು, ರುಚಿ ನೋಡಿ ತೆಗೆಯಬಹುದು. ನನ್ನ ಮತ ಗಂಟಿಗೇ. ಲವಂಗ ಬಾಟಲಿಯಲ್ಲಿ ಕೂತಷ್ಟೂ ಏರುತ್ತದೆ. ಇವತ್ತು ಸರಿ ಇದೆ ಅನ್ನಿಸಿದ್ದು ಆರು ತಿಂಗಳಿಗೆ ಹಲ್ಲುನೋವಿನ ಔಷಧದ ರುಚಿ ಬರುತ್ತದೆ.

ಮಡಕಶಿರ ಮಗಳು

ಶುಂಠಿ ಪುಡಿ ಯಾರೂ ಹೇಳಲೇ ಇಲ್ಲ. ನಮ್ಮ ಮನೆಯಲ್ಲಿ ಚಪಾತಿಗೆ ಹಚ್ಚಿಕೊಳ್ಳುವುದು, ಶುಂಠಿ ಇಲ್ಲದಿದ್ದರೆ ಮಾವ ಮುಟ್ಟುವುದಿಲ್ಲ.

ನೀರ್ಚಾಲು ಅಟ್ಟ

ಸರಿ, ಒಪ್ಪಿದೆ. ಆದರೆ ಗಟ್ಟಿ ಆಯಿತು ಅಂತ ತಿಳಿಯುವುದು ಹೇಗೆ? ಬೆರಟಿಗೆ ತಳ ಬಿಡುವುದೇ ಲೆಕ್ಕ. ಇದಕ್ಕೆ?

ಹೊಸೂರು ಒಲೆ

ಸ್ಟೀಲ್ ತಟ್ಟೆ ಒಂದನ್ನು ತಣ್ಣಗೆ ಇಟ್ಟುಕೊಳ್ಳಿ. ಅದರ ಮೇಲೆ ಒಂದು ಚಮಚ ಹಾಕಿ ಸುಮ್ನೆ ನೋಡಿ. ಸುತ್ತ ತೆಳು ನೀರಿನ ಉಂಗುರ ಬಿಟ್ಟುಕೊಂಡರೆ ಇನ್ನೂ ಆಗಿಲ್ಲ. ಅಂಚಿನಲ್ಲಿ ನೀರು ಬಿಡದೆ ಗುಪ್ಪೆಯಾಗಿ ಕೂತರೆ ಆಯಿತು. ತಟ್ಟೆ ಬೇಡ ಅಂದರೆ ಚಮಚದಲ್ಲಿ ತೆಗೆದು ಆವಿಯಿಂದ ದೂರ 2 ನಿಮಿಷ ಹಿಡಿಯಿರಿ. ಇಳಿಯದೆ ದಿಬ್ಬವಾಗಿಯೇ ನಿಂತರೆ ಸರಿ. ಬಿಸಿಯಲ್ಲಿ ಸ್ವಲ್ಪ ತೆಳು ಕಂಡರೂ ಆರಿದ ಮೇಲೆ ಇನ್ನಷ್ಟು ಬಿಗಿಯುತ್ತದೆ.

ಕೊನೆಯ ಅರ್ಧ ಗಂಟೆ ಹುಷಾರು. ದಪ್ಪ ಗುಳ್ಳೆ ಎದ್ದು ಒಡೆದು ಕೈಮೇಲೆ ಸಿಡಿಯುತ್ತದೆ, ಅಂಟಿದ್ದು ಬಿಡುವುದಿಲ್ಲ. ತುಂಬುತೋಳಿನ ಅಂಗಿ ಹಾಕಿಕೊಳ್ಳಿ, ಉದ್ದ ಹಿಡಿಯ ಸೌಟು ಇರಲಿ, ಮಕ್ಕಳನ್ನು ಅಡುಗೆಮನೆಯಿಂದ ಹೊರಗೆ ಕಳಿಸಿ. ಓವನ್ ಇದ್ದವರು ಸೋಸಿದ ತಿರುಳನ್ನು ಅಗಲ ಟ್ರೇಯಲ್ಲಿ ಹಾಕಿ 120 ಡಿಗ್ರಿಯಲ್ಲಿ ಇಟ್ಟು, ಆಗಾಗ ಕೆದಕಿದರೆ ಸಾಕು. ಸಿಡಿಯುವುದೂ ಇಲ್ಲ, ಬಣ್ಣವೂ ಚಂದ.

ಅಕ್ಕಲಕೋಟ ಆಯಿ

ನಮ್ಮ ಸೊಲ್ಲಾಪುರ ಕಡೆ ಇಷ್ಟೆಲ್ಲ ಮಾಡುವುದಿಲ್ಲ ತಂಗಿ. ಹಳೆಯ ಜಾಮ್ ಬಾಟಲಿಗೆ ಕುದಿಯುವಾಗಲೇ ತುಂಬಿಸು, ಮುಚ್ಚಳ ಬಿಗಿ, ಬೋರಲು ಹಾಕು. ತಣ್ಣಗಾದಾಗ ಮುಚ್ಚಳ ಟಕ್ ಅಂತ ಒಳಗೆ ಹೋಗುತ್ತದೆ. ಆಯಿತು. ಮತ್ತೆ ನೀರಲ್ಲಿ ಕುದಿಸುವ ರಾಮಾಯಣ ಯಾಕೆ?

ಪೆರ್ಲ ಪಾಕ

ಅಕ್ಕಾ, ಟಕ್ ಅಂದದ್ದು ನಿಜ. ಆದರೆ ಆ ಸದ್ದು ಹೇಳುವುದು ಮುಚ್ಚಳ ಒಳಗೆ ಎಳೆಯಿತು ಅಂತ ಮಾತ್ರ. ಒಳಗಿನದ್ದೆಲ್ಲ ಸತ್ತಿದೆ ಅಂತ ಅಲ್ಲ. ನಾವು ತುಂಬಿಸುವಾಗ ಮೇಲೆ ಖಾಲಿ ಬಿಟ್ಟ ಜಾಗದಲ್ಲಿ ಅಡುಗೆಮನೆಯ ಗಾಳಿ ಇರುತ್ತದೆ, ಅದರ ಜೊತೆ ಬೂಷ್ಟಿನ ಕಣವೂ ಇರುತ್ತದೆ. ನೀರಲ್ಲಿ ಮುಳುಗಿಸಿ ಕುದಿಸಿದಾಗ ಆ ಗಾಳಿ ಹೊರಗೆ ಹೋಗುತ್ತದೆ, ಮುಚ್ಚಳದ ಒಳಮೈಗೂ ಸಾಕಷ್ಟು ಬಿಸಿ ತಾಗುತ್ತದೆ. ಬೋರಲು ಹಾಕುವುದರಲ್ಲಿ ಆ ಖಾತ್ರಿ ಇಲ್ಲ. ಬಿಸಿ ಪದಾರ್ಥ ಮುಚ್ಚಳದ ಅಂಚಿಗೆ ಇಳಿದು ಅಂಟಿದರೆ ಹಿಡಿತವೂ ಸಡಿಲ. ನಿಮ್ಮಲ್ಲಿ ಒಣ ಹವೆ, ನಡೆದಿರಬಹುದು. ಜೂನ್‌ನಿಂದ ನಮ್ಮಲ್ಲಿ ಗೋಡೆಯೂ ಬೆವರುತ್ತದೆ.

ಮೇಲೆ ಮೇಣ ಕರಗಿಸಿ ಸುರಿಯುವ ಹಳೆಯ ಕ್ರಮವನ್ನೂ ಈಗ ಬೇಡ ಅಂತಲೇ ಹೇಳುತ್ತಾರೆ.

ಅಕ್ಕಲಕೋಟ ಆಯಿ

ನಮ್ಮ ಮನೆಯಲ್ಲಿ ಬಾಟಲಿ ಹದಿನೈದು ದಿನಕ್ಕೇ ಖಾಲಿ ಬಿಡು. ಬೂಷ್ಟಿಗೆ ಪುರುಸೊತ್ತೇ ಸಿಗುವುದಿಲ್ಲ.

ಬದಿಯಡ್ಕ ಸೊಸೆ

ಹಾಗಾದರೆ ಕುದಿಸುವ ಕ್ರಮ ಬಿಡಿಸಿ ಹೇಳಿ. ಪ್ರೆಶರ್ ಕುಕ್ಕರಿನಲ್ಲಿ ಎರಡು ಸೀಟಿ ಹಾಕಿದರೆ ಕೆಲಸ ಬೇಗ ಆಗುತ್ತದಲ್ವಾ?

ಪೆರ್ಲ ಪಾಕ

ಕುಕ್ಕರ್ ಬೇಡ. ನಮ್ಮ ಸೀಟಿ ಕುಕ್ಕರ್ ಬೇಗ ಬಿಸಿಯಾಗಿ ಬೇಗ ಆರುತ್ತದೆ, ಒತ್ತಡ ದಡಕ್ಕನೆ ಇಳಿದರೆ ಬಾಟಲಿಯೊಳಗಿನದ್ದು ಮುಚ್ಚಳದ ಸಂದಿನಿಂದ ಉಕ್ಕುತ್ತದೆ. ಬಾಟಲಿಗೆ ಅಂತಲೇ ಮಾಡಿದ ಪ್ರೆಶರ್ ಪಾತ್ರೆ ಬೇರೆ. ಆಪಲಿಗೆ ಅದು ಬೇಕಾಗಿಯೂ ಇಲ್ಲ.

ಆಳ ಇರುವ ಪಾತ್ರೆ ತೆಗೆದುಕೊಳ್ಳಿ, ಅನ್ನ ಬೇಯಿಸುವ ದೊಡ್ಡ ಚೆಂಬೂ ಆಗುತ್ತದೆ. ತಳಕ್ಕೆ ಹಳೆ ಬೈರಾಸು ಮಡಿಸಿ ಹಾಸಿ. ಗಾಜು ನೇರ ತಳಕ್ಕೆ ತಾಗಿದರೆ ಬಿರುಕು ಬಿಡುತ್ತದೆ. ಬಾಟಲಿ ತೊಳೆದು, ಅದೇ ನೀರಲ್ಲಿ 10 ನಿಮಿಷ ಕುದಿಸಿ, ತುಂಬಿಸುವವರೆಗೂ ಬಿಸಿ ನೀರಲ್ಲೇ ಇರಲಿ. ತಣ್ಣಗಿನ ಬಾಟಲಿಗೆ ಕುದಿಯುವ ಪಾಕ ಹೊಯ್ದರೆ ಕೈಯಲ್ಲೇ ಒಡೆಯುತ್ತದೆ. ಮೇಲೆ ಕಾಲು ಇಂಚು ಜಾಗ ಬಿಡಿ, ಜಾಸ್ತಿಯೂ ಬೇಡ. ತೆಳು ಬಿದಿರಿನ ಕಡ್ಡಿ ಆಡಿಸಿ ಒಳಗೆ ಸಿಕ್ಕ ಗಾಳಿಗುಳ್ಳೆ ಬಿಡಿಸಿ. ಆಮೇಲೆ ಬಾಟಲಿಯ ಬಾಯಂಚನ್ನು ಒದ್ದೆ ಬಟ್ಟೆಯಲ್ಲಿ ಒರಸಿ. ಇದೊಂದನ್ನು ಅವಸರದಲ್ಲಿ ಬಿಡಬೇಡಿ. ಒಂದು ಚುಕ್ಕೆ ಪಾಕ ಅಲ್ಲಿ ಅಂಟಿದ್ದರೂ ಮುಚ್ಚಳ ಸರಿ ಕೂರುವುದಿಲ್ಲ. ಮುಚ್ಚಳ ಬೆರಳ ತುದಿಯ ಬಲದಲ್ಲಿ ತಿರುಗಿಸಿ, ಹಿಂಡಿ ಬಿಗಿಯಬೇಡಿ. ಒಳಗಿನ ಗಾಳಿ ಹೊರಗೆ ಬರಬೇಕಲ್ಲ.

ನೀರು ಮುಚ್ಚಳದ ಮೇಲೆ ಒಂದು ಇಂಚು ನಿಲ್ಲಬೇಕು. ಜೋರಾಗಿ ಕುದಿ ಬಂದ ಮೇಲೆ ಲೆಕ್ಕ ಶುರು. ಅರ್ಧ ಲೀಟರಿನ ಒಳಗಿನ ಬಾಟಲಿಗೆ ನಮ್ಮ ಕಾಸರಗೋಡಿನಂಥ ತಗ್ಗು ಊರಲ್ಲಿ 5 ನಿಮಿಷ. 10 ನಿಮಿಷ ಕುದಿಸುವುದಾದರೆ ಬಾಟಲಿಯನ್ನು ಮೊದಲೇ ಕುದಿಸುವ ಕೆಲಸ ತಪ್ಪುತ್ತದೆ, ತೊಳೆದು ಬಿಸಿ ಇಟ್ಟುಕೊಂಡರೆ ಸಾಕು. ನಾನು ಹಾಗೇ ಮಾಡುವುದು. ಒಲೆ ಆರಿಸಿ 5 ನಿಮಿಷ ಬಿಟ್ಟು, ನೆಟ್ಟಗೆ ಎತ್ತಿ ಬಟ್ಟೆಯ ಮೇಲೆ ಇಡಿ. ಮರುದಿನದವರೆಗೆ ಮುಟ್ಟಬೇಡಿ. ಮುಚ್ಚಳದ ನಡು ತಗ್ಗಾಗಿ, ಒತ್ತಿದರೆ ಅಲ್ಲಾಡದಿದ್ದರೆ ಹಿಡಿದಿದೆ. ಮೇಲೆ ಕೆಳಗೆ ಆಡಿದರೆ ಆ ಬಾಟಲಿ ಫ್ರಿಜ್ಜಿಗೆ.

ತಾಳವಾಡಿ ಗುಡ್ಡ

ಆ 5 ನಿಮಿಷ ಎಲ್ಲರಿಗೂ ಅಲ್ಲ, ಗಮನಿಸಿ. ಎತ್ತರಕ್ಕೆ ಹೋದಂತೆ ನೀರು ಕಮ್ಮಿ ಬಿಸಿಯಲ್ಲೇ ಕುದಿಯುತ್ತದೆ. 1,000 ಅಡಿ ದಾಟಿದರೆ 10 ನಿಮಿಷ, 6,000 ಅಡಿ ದಾಟಿದರೆ 15. ನಮ್ಮ ತಾಳವಾಡಿಗೂ ಹೊಸೂರಿಗೂ 10 ಬೇಕು. ಊಟಿಯಲ್ಲಿರುವ ನಮ್ಮ ಅಕ್ಕನಿಗೆ 15.

ಹೊಸೂರು ಒಲೆ

ಹೌದು, ಅದನ್ನು ನಾನೇ ಬರೆಯಬೇಕಿತ್ತು. ಬಾಟಲಿ ಬಗ್ಗೆಯೂ ಒಂದು ಮಾತು. ಅಲ್ಲಿಯವರು ಬಳಸುವುದು ಮೇಸನ್ ಜಾರ್. 1858ರಲ್ಲಿ ಪೇಟೆಂಟ್ ಆದ ತಿರುಪಿನ ಬಾಯಿಯ ಬಾಟಲಿ, ಈಗ ಎರಡು ತುಂಡಿನ ಮುಚ್ಚಳದ ಜೊತೆ ಬರುತ್ತದೆ. ಇಲ್ಲೂ ಆನ್‌ಲೈನಿನಲ್ಲಿ ಸಿಗುತ್ತದೆ, ಬೆಲೆ ಸ್ವಲ್ಪ ಚುರುಕು. ಹಳೆಯ ಜಾಮ್ ಬಾಟಲಿ ಒಂದೇ ಸಲಕ್ಕೆ ಅಂತ ಮಾಡಿದ್ದು. ಗಾಜು ತೆಳು, ಕುದಿಸುವಾಗ ಒಡೆಯುವುದು ಜಾಸ್ತಿ. ಬಳಸಿದ ಮುಚ್ಚಳದ ಒಳಗಿನ ರಬ್ಬರಿನಂಥ ಬಳೆಯಲ್ಲಿ ಹಳೆಯ ಅಚ್ಚು ಬಿದ್ದಿರುತ್ತದೆ, ಎರಡನೇ ಸಲ ಸರಿ ಹಿಡಿಯುವುದಿಲ್ಲ. ಮುಚ್ಚಳಕ್ಕಾದರೂ ದುಡ್ಡು ಬಿಚ್ಚಿ, ಪ್ರತಿ ಸಲ ಹೊಸತು. ಪ್ಲಾಸ್ಟಿಕ್ ಮುಚ್ಚಳದ ಬಾಟಲಿ ಇದಕ್ಕೆ ಆಗುವುದೇ ಇಲ್ಲ.

ನೀರ್ಚಾಲು ಅಟ್ಟ

ಕೊನೆಗೆ ಇಡುವುದು ಅಟ್ಟದಲ್ಲೇ ತಾನೆ? ಒಲೆಯ ಮೇಲಿನ ಅಟ್ಟ ಬೆಚ್ಚಗೆ, ಒಣ, ಹೊಗೆಯೂ ತಾಗುತ್ತದೆ.

ಪೆರ್ಲ ಪಾಕ

ಅಲ್ಲೂ ನಿಮಗೆ ಬೇಜಾರಾಗುವ ಉತ್ತರವೇ. ಭರಣಿಗೆ ಅಟ್ಟ ಒಳ್ಳೆಯದು, ಬಾಟಲಿಗೆ ತಂಪು ಕತ್ತಲೆ ಬೇಕು. ಬಿಸಿ ಜಾಗದಲ್ಲಿ ಬಣ್ಣ ಕಪ್ಪಾಗಿ ರುಚಿ ಇಳಿಯುತ್ತದೆ, ಮುಚ್ಚಳದ ಹಿಡಿತವೂ ಸೋಲಬಹುದು. ಉಗ್ರಾಣದ ಕೆಳಗಿನ ಹಲಗೆ, ನೆಲದಿಂದ ಸ್ವಲ್ಪ ಮೇಲೆ ಇಡಿ. ನಮ್ಮ ಉಪ್ಪು ಗಾಳಿಗೆ ಮುಚ್ಚಳ ತುಕ್ಕು ಹಿಡಿಯುತ್ತದೆ, ಬಾಟಲಿಯ ಹೊರಗೆ ಅಂಟಿದ್ದನ್ನು ತೊಳೆದು ಒರಸಿಯೇ ಇಡಿ. ಮೇಸನ್ ಆದರೆ ಹೊರಗಿನ ಬಳೆ ತೆಗೆದುಬಿಡಿ. ವರ್ಷದೊಳಗೆ ಮುಗಿಸಿದರೆ ರುಚಿ ಚೆನ್ನಾಗಿರುತ್ತದೆ. ಒಮ್ಮೆ ತೆರೆದದ್ದು ಫ್ರಿಜ್ಜಿಗೆ, ಒದ್ದೆ ಚಮಚ ಹಾಕುವವರಿಗೆ ಬೈಯಿರಿ.

ಮುಳ್ಳೇರಿಯ ತೋಟ

ನೀರುದೋಸೆಗೆ ಹೇಗಿರುತ್ತದೆ?

ಹೊಸೂರು ಒಲೆ

ನೀರುದೋಸೆಗೆ ಕಾಯಿಬೆಲ್ಲವೇ ಸರಿ, ಅದನ್ನು ಬದಲಾಯಿಸಲು ಹೋಗಬೇಡಿ. ಉದ್ದಿನ ದೋಸೆ, ಬನ್ಸ್, ಗೋಧಿ ದೋಸೆಗೆ ಹಚ್ಚಿ. ಗಟ್ಟಿ ಮೊಸರಿಗೆ ಒಂದು ಚಮಚ ಕಲಸಿದರೂ ಚೆನ್ನ.

ಕುಂಬಳೆ ಕಡಲು

ನಾನು ತಮಾಷೆಗೆ ಹೇಳಿದ್ದಲ್ಲ. ಹಲಸಿನ ಹಣ್ಣನ್ನು ಇದೇ ರೀತಿ ತೆಳುವಾಗಿ ಕಾಯಿಸಿ ಬಾಟಲಿ ಮಾಡಿದರೆ ಮಾರಬಹುದಲ್ಲ? ಬೆರಟಿ ಈಗಿನ ಮಕ್ಕಳಿಗೆ ಗಟ್ಟಿ ಆಗುತ್ತದೆ.

ಪೆರ್ಲ ಪಾಕ

ಒಳ್ಳೆಯ ಪ್ರಶ್ನೆ, ಅಪಾಯದ ಪ್ರಶ್ನೆಯೂ ಹೌದು. ಹಣ್ಣಾದ ಹಲಸಿನಲ್ಲಿ ಹುಳಿ ಸಾಲದು, 4.6ರ ಗೆರೆಯ ಮೇಲೇ ಇರುತ್ತದೆ. ಬಾಳೆಹಣ್ಣು, ಪಪ್ಪಾಯಿಯದ್ದೂ ಅದೇ ಕತೆ. ತೆಳು ಮಾಡಿ, ಬೆಲ್ಲ ಕಮ್ಮಿ ಮಾಡಿ, ಗಾಳಿ ಹೋಗದಂತೆ ಮುಚ್ಚಿದರೆ ಆ ಬೊಟುಲಿನಮ್‌ಗೆ ನಾವೇ ಮನೆ ಕಟ್ಟಿಕೊಟ್ಟ ಹಾಗೆ. ಸಿಟ್ರಿಕ್ ಆಮ್ಲ ಹಾಕಿ ಹುಳಿ ತರಬಹುದು, ಆದರೆ ಪಿಎಚ್ ಅಳೆದು ನೋಡದೆ ಅಂದಾಜಿಗೆ ಹಾಕುವ ಕೆಲಸ ಅಲ್ಲ. ಮಾರುವ ಯೋಚನೆ ಇದ್ದರೆ ಮೈಸೂರಿನ ಆಹಾರ ಸಂಶೋಧನಾ ಸಂಸ್ಥೆ ಸಿಎಫ್‌ಟಿಆರ್‌ಐಯಂಥ ಕಡೆ ಕೇಳಿಕೊಂಡು, ಲೈಸನ್ಸ್ ಮಾಡಿಸಿಯೇ ಇಳಿಯಿರಿ. ಮನೆಗಾದರೆ ಬೆರಟಿ ಬೆರಟಿಯಾಗಿಯೇ ಇರಲಿ. ತಿನ್ನುವಾಗ ಸ್ವಲ್ಪ ಬಿಸಿ ತೆಂಗಿನಹಾಲು ಹಾಕಿ ಕಲಸಿ ಮಕ್ಕಳಿಗೆ ಕೊಡಿ, ಗಟ್ಟಿ ಅನ್ನುವ ದೂರು ಇರುವುದಿಲ್ಲ.

ಬದಿಯಡ್ಕ ಸೊಸೆ

ಹಸಿರು ಆಪಲ್, ಕೆಂಪು ಆಪಲ್ ಬೆರೆಸಿಯೇ ಬೇಯಿಸಲು ಇಟ್ಟಿದ್ದೇನೆ. ವಿನೆಗರ್ ಶೇ 4ರದ್ದೇ ಇತ್ತು, 310 ಹಾಕಿದೆ. ಮುಚ್ಚಳ ನಾಳೆ ಭಾವ ಮಂಗಳೂರಿನಿಂದ ತರುತ್ತಾರೆ, ಅಲ್ಲಿವರೆಗೆ ಸೋಸಿದ ತಿರುಳು ಫ್ರಿಜ್ಜಲ್ಲಿ ಇರಲಿ ಅಲ್ವಾ? ಅತ್ತೆ ಪಕ್ಕದಲ್ಲೇ ನಿಂತು ವಿನೆಗರ್ ವಾಸನೆಗೆ ಮೂಗು ಮುಚ್ಚಿಕೊಂಡಿದ್ದಾರೆ.

ಹೊಸೂರು ಒಲೆ

ಒಂದು ರಾತ್ರಿಗೆ ಏನೂ ಆಗುವುದಿಲ್ಲ. ವಾಸನೆ ಕುದಿಯುವಾಗ ಹೋಗುತ್ತದೆ, ಹುಳಿ ಉಳಿಯುತ್ತದೆ. ಅತ್ತೆಗೆ ನಾಳೆ ಸಂಜೆ ಒಂದು ಚಮಚ ಕೊಟ್ಟು ನೋಡಿ.

ಮಡಕಶಿರ ಮಗಳು

ನಮ್ಮ ಹೊಲದಲ್ಲಿ ಸಪೋಟ ರಾಶಿ ಬಿದ್ದಿದೆ. ಅದಕ್ಕೂ ಇದೇ ಅಳತೆ ನಡೆಯುತ್ತದಾ?

ಪೆರ್ಲ ಪಾಕ

ಇಲ್ಲಮ್ಮ. ಸಪೋಟದಲ್ಲಿ ಹುಳಿಯೇ ಇಲ್ಲ, ಹಲಸಿನ ಸಾಲಿಗೇ ಸೇರಿಸಿ. ಮಾಡಿ ತಿನ್ನಿ, ಫ್ರಿಜ್ಜಲ್ಲಿ ಇಡಿ, ಜಾಸ್ತಿ ಇದ್ದರೆ ಫ್ರೀಜರಿಗೆ ಹಾಕಿ. ಹೊರಗೆ ಬಾಟಲಿಯಲ್ಲಿ ಬೇಡ. ಮನೆಯಲ್ಲಿ ಪೇರಳೆ (ಸೀಬೆ) ಇದ್ದರೆ ಹೇಳಿ, ಅದರಲ್ಲಿ ಸಪೋಟಕ್ಕಿಂತ ಹುಳಿ ಜಾಸ್ತಿ ಉಂಟು. ಬೇಯಿಸಿ, ಬೀಜ ಸೋಸಿ, ನಿಂಬೆರಸ ಹಿಂಡಿ ಮಾಡುವ ಕ್ರಮ ಬರೆಯುತ್ತೇನೆ.